ಅಣ್ಣನ ಡಬ್ಬಿ, ತಮ್ಮನ ಟೇಪು

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಲ್ಯಾಬಿನ ಹಿಂಬದಿಯ ಕೋಣೆಯಲ್ಲಿ ಒಂದೇ ಒಂದು ಟ್ಯೂಬ್‌ಲೈಟ್ ಉರಿಯುತ್ತಿದೆ. ಉದ್ದನೆಯ ಮೇಜಿನ ಮುಂದೆ ನಿಂತ ಹೆಂಗಸು, ತುಕ್ಕು ಹಿಡಿದ ದುಂಡನೆಯ ತಗಡಿನ ಡಬ್ಬಿಯೊಂದನ್ನು ಎದೆಗೆ ಒತ್ತಿಕೊಂಡು ಚಮಚದ ಹಿಡಿಯಿಂದ ಅದರ ಮುಚ್ಚಳ ಎಬ್ಬಿಸುತ್ತಿದ್ದಾರೆ. ಮುಚ್ಚಳ ಜಪ್ಪಯ್ಯ ಎಂದರೂ ಏಳುವುದಿಲ್ಲ. ಅದಕ್ಕೆರಡು ಬೈದು, ಡಬ್ಬಿ ತಿರುಗಿಸಿ, ಇನ್ನೊಂದು ಕಡೆಯಿಂದ ಮೀಟುತ್ತಾರೆ. ಟಪ್ಪೆಂದು ಬಿಚ್ಚಿಕೊಳ್ಳುತ್ತದೆ. ಒಳಗೆ ಏನಿದೆ ಎಂದು ನಾವು ನೀವಾದರೆ ಮೊದಲು ನೋಡುತ್ತೇವೆ. ಅವರು ಮೊದಲು ಮೂಸುತ್ತಾರೆ.

"ಇದಿನ್ನೂ ಗಟ್ಟಿ ಇದೆ. ಹುಳಿ ವಾಸನೆ ಬಂದಿಲ್ಲ. ನಿಮಗೇನಾದ್ರೂ ಬರ್ತಿದೆಯಾ?" ಎಂದು ಡಬ್ಬಿಯನ್ನು, ಅವರ ಬಗ್ಗೆ ಬರೆಯಲು ಬಂದಿರುವ ನನ್ನ ಮೂಗಿನ ಹತ್ತಿರ ಹಿಡಿಯುತ್ತಾರೆ.

ನನಗೆ ಬರುತ್ತಿರುವುದು ನಿದ್ದೆ. ಹಾಗೆಂದು ಹೇಳಿದರೆ ಅವರು ನಗುತ್ತಾರೆ. ಈ ಫಿಲಂ ಲ್ಯಾಬಿನವರು ತಮ್ಮ ಸ್ವಂತ ಕೆಲಸ ಶುರು ಮಾಡುವ ಮುಂಚೆ ಈ ಮೇಜನ್ನು ಅವರಿಗೆ ಬಿಟ್ಟುಕೊಡುತ್ತಾರಂತೆ. ಬೀದಿಯಲ್ಲಿ ಗಾಡಿಗಳ ಸದ್ದು ಏಳುವ ಮೊದಲು ಹಳೆಯ ಟೇಪುಗಳನ್ನು ಕೇಳುವುದೂ ಸುಲಭ. ಹಾಗಾಗಿ ಊರು ಹಾಸಿಗೆಯಲ್ಲಿ ಹೊರಳುವ ಹೊತ್ತಿಗೆ ಇವರ ಅರ್ಧ ದಿನದ ಕೆಲಸ ಮುಗಿದಿರುತ್ತದೆ.

ಹಳೆಯ ಫಿಲಮ್ಮನ್ನು ಗಾಳಿಯಾಡದ ಬಿಸಿ ಜಾಗದಲ್ಲಿಟ್ಟರೆ ಅದು ಒಳಗೊಳಗೇ ಕೊಳೆಯುತ್ತದೆ. ಮೊದಲು ವಿನೆಗರ್‌ನಂಥ ಹುಳಿ ವಾಸನೆ. ಆಮೇಲೆ ಸುರುಳಿ ಒಣಗಿ ಕುಗ್ಗುತ್ತದೆ, ಅಂಚಿನ ತೂತುಗಳು ಯಂತ್ರದ ಹಲ್ಲಿಗೆ ಕೂರುವುದಿಲ್ಲ. ಅಲ್ಲಿಗೆ ಮುಗಿಯಿತು. ಅದರೊಳಗಿನ ಬೀದಿ, ಮದುವೆ, ಮೆರವಣಿಗೆ, ಮನುಷ್ಯರು ಎಲ್ಲ ಸೇರಿ ಹಪ್ಪಳದ ಹಾಗೆ ಮುರಿದುಹೋಗುತ್ತಾರೆ. ಅಷ್ಟರೊಳಗೆ ಡಬ್ಬಿ ಎಲ್ಲಿದೆ, ಅದರ ಹಕ್ಕು ಯಾರದು ಎಂದು ಪತ್ತೆ ಹಚ್ಚಿ, ಅವರ ಒಪ್ಪಿಗೆ ಪಡೆದು, ಚಿತ್ರವನ್ನು ಹೊಸದಾಗಿ ನಕಲು ಮಾಡಿಸಬೇಕು. ಈ ಹೆಂಗಸಿನ ಉದ್ಯೋಗ ಅದು.

ಟಿವಿಯಲ್ಲಿ ನೀವೊಂದು ಸಾಕ್ಷ್ಯಚಿತ್ರ ನೋಡುತ್ತ ಕೂತಿದ್ದೀರಿ ಅಂದುಕೊಳ್ಳಿ. ನಡುವೆ ಕಪ್ಪು ಬಿಳುಪಿನ ಮಾರುಕಟ್ಟೆಯೊಂದು ಬಂದು ಹೋಗುತ್ತದೆ. ಯಾರೋ ಒಬ್ಬ ಸೈಕಲ್ ನಿಲ್ಲಿಸಿ ಕ್ಯಾಮೆರಾ ನೋಡುತ್ತಾನೆ. ಅಷ್ಟರಲ್ಲಿ ನೀವು ಎದ್ದು ನೀರು ಕುಡಿಯಲು ಹೋಗಿರುತ್ತೀರಿ. ಆ ಒಂದು ಚೂರು ಎಲ್ಲಿಂದ ಬಂತು ಎಂದು ಯಾರೂ ಕೇಳುವುದಿಲ್ಲ. ನಾನೂ ಕೇಳಿರಲಿಲ್ಲ. ಅದೆಲ್ಲ ಫೋನಿನಲ್ಲಿ ಹುಡುಕಿದರೆ ಸಿಗುತ್ತದೆ ಎಂದೇ ನನ್ನ ಎಣಿಕೆಯಾಗಿತ್ತು. ಮೊದಲ ಭೇಟಿಯಲ್ಲಿ ಅದನ್ನೇ ಬಾಯಿ ತಪ್ಪಿ ಅಂದೂಬಿಟ್ಟೆ.

"ಸಿಗುತ್ತೆ. ಬೀದಿಲಿ ನಿಂತಿರೋ ಸೈಕಲ್ಲೂ ಸಿಗುತ್ತೆ. ಹತ್ಕೊಂಡು ಹೋಗ್ತೀರಾ?" ಎಂದು ಕೇಳಿದರು.

ಸಿನಿಮಾ ಮತ್ತು ಟಿವಿಯವರ ನಡುವೆ ಇವರು 'ಡಬ್ಬಿಯಕ್ಕ'. ಅವರಿಗಿಂತ ದೊಡ್ಡವರೂ ಹಾಗೇ ಕರೆಯುತ್ತಾರೆ. ವಯಸ್ಸು ಐವತ್ತು ದಾಟಿದೆ. ಕನ್ನಡಕದ ದಾರ ಸದಾ ಕೊರಳಲ್ಲಿ, ಬಿಳಿ ಹತ್ತಿಯ ಕೈಗವಸು ಸದಾ ಕೈಯಲ್ಲಿ. ಫಿಲಮ್ಮಿಗೆ ಬೆರಳಿನ ಎಣ್ಣೆ ತಾಗಬಾರದು. ಗಂಡನದು ಕನ್ನಡಕದ ಅಂಗಡಿ. "ಇವಳು ಮನೆಗೆ ಬಂದಳು ಅಂತ ನನಗೆ ಬಾಗಿಲು ತೆಗೆಯೋ ಮುಂಚೆನೇ ಗೊತ್ತಾಗುತ್ತೆ, ಉಪ್ಪಿನಕಾಯಿ ಭರಣಿ ನಡ್ಕೊಂಡು ಬಂದ ಹಾಗೆ," ಎಂದು ಅವರು ಹೇಳಿದಾಗ, ಇಪ್ಪತ್ತೈದು ವರ್ಷದ ಹಳೆಯ ತಮಾಷೆಗೆ ಕೊಡುವಷ್ಟೇ ಬೆಲೆಯನ್ನು ಡಬ್ಬಿಯಕ್ಕ ಅದಕ್ಕೆ ಕೊಟ್ಟರು. ಮನೆಯಲ್ಲಿ ಇವರ ಕೆಲಸದ ಒಬ್ಬರೇ ಅಭಿಮಾನಿ ಎಂದರೆ ಅತ್ತೆ. ಟಿವಿಯಲ್ಲಿ ಕಪ್ಪು ಬಿಳುಪು ಏನೇ ಬರಲಿ, ಅದು ಸೊಸೆಯೇ ತಂದದ್ದು ಎಂದು ಅವರು ಪಕ್ಕದ ಮನೆಯವರಿಗೆ ಹೇಳುತ್ತಾರೆ. ಅಲ್ಲವೆಂದರೆ ಸಿಟ್ಟು ಬರುತ್ತದೆ.

ಈ ಕೆಲಸಕ್ಕೆಂದು ಇವರು ಓದಿದವರೂ ಅಲ್ಲ, ಆಸೆ ಪಟ್ಟವರೂ ಅಲ್ಲ. ಹುಡುಗಿಯಾಗಿದ್ದಾಗ ಸುದ್ದಿಚಿತ್ರ ತಯಾರಿಸುವ ಕಂಪನಿಯೊಂದರಲ್ಲಿ ಟೈಪಿಸ್ಟ್ ಆಗಿ ಸೇರಿದರು. ಥಿಯೇಟರಿನಲ್ಲಿ ಸಿನಿಮಾಕ್ಕೆ ಮುಂಚೆ ಹತ್ತು ನಿಮಿಷ ತೋರಿಸುತ್ತಿದ್ದರಲ್ಲ, ಅಂಥ ಸುದ್ದಿಚಿತ್ರ. ಟಿವಿ ಮನೆಮನೆಗೆ ಬಂದು ಕಂಪನಿ ಬಾಗಿಲು ಹಾಕಿತು. ಎಲ್ಲರನ್ನೂ ಕಳಿಸಿದ ಮ್ಯಾನೇಜರ್ ಇವರೊಬ್ಬರನ್ನು ಕರೆದು, ಗೋದಾಮಿನಲ್ಲಿರುವ ಡಬ್ಬಿಗಳನ್ನು ವಿಂಗಡಿಸಿ ಗುಜರಿಗೆ ಯಾವುದು, ಇಡಬೇಕಾದ್ದು ಯಾವುದು ಹೇಳಿ ಹೋಗಮ್ಮ, ಒಂದು ತಿಂಗಳ ಕೆಲಸ, ಎಂದರಂತೆ. ಆ ಒಂದು ತಿಂಗಳು ಇನ್ನೂ ಮುಗಿದಿಲ್ಲ.

ಅಲ್ಲಿಂದೀಚೆಗೆ ಕಾಲಿಗೆ ಚಕ್ರ ಕಟ್ಟಿಕೊಂಡವರ ಹಾಗೆ ತಿರುಗಿದ್ದಾರೆ. ಮುಚ್ಚಿದ ಥಿಯೇಟರುಗಳ ಪ್ರೊಜೆಕ್ಟರ್ ಕೋಣೆ, ಶಾಲೆಗಳ ಉಗ್ರಾಣ, ಸತ್ತ ಛಾಯಾಗ್ರಾಹಕರ ಅಟ್ಟ, ಒಮ್ಮೆ ಕೋಳಿಗೂಡು. ಹಕ್ಕುದಾರರು ಸತ್ತಿರುತ್ತಾರೆ, ಕಂಪನಿ ಮುಳುಗಿರುತ್ತದೆ, ವಾರಸುದಾರರಿಗೆ ತಾವು ವಾರಸುದಾರರೆಂಬುದೇ ಗೊತ್ತಿರುವುದಿಲ್ಲ. ದಿನಕ್ಕೆ ಇಪ್ಪತ್ತು ಮೂವತ್ತು ಫೋನು ಮಾಡುತ್ತಾರೆ. ಅರ್ಧಕ್ಕರ್ಧ ಜನ ಸಾಲ ವಸೂಲಿಯವರೆಂದು ತಿಳಿದು ಇಟ್ಟುಬಿಡುತ್ತಾರೆ. ಕೋಣೆ ತುಂಬ ಡಬ್ಬಿ ತೆರೆದ ದಿನ ತಲೆನೋವು ಗ್ಯಾರಂಟಿ. ಸಹಿ ಸಿಗದೆ ಬಿಟ್ಟುಬಂದ ಡಬ್ಬಿಗಳ ಬಗ್ಗೆ ಕೇಳಿದರೆ ಮಾತು ಬದಲಿಸುತ್ತಾರೆ.

ಕೆಲಸದಲ್ಲಿ ಅವರದೇ ಕೆಲವು ಕಟ್ಟುಪಾಡುಗಳಿವೆ. ಊಹೆ ಮಾಡಿ ಹೆಸರು ಬರೆಯುವುದಿಲ್ಲ. ಈ ಕಸುಬಿನ ದೊಡ್ಡ ಕಾಯಿಲೆಯೇ ಅದಂತೆ: ಯಾರೋ ಒಬ್ಬರು ಡಬ್ಬಿಯ ಮೇಲೆ ಅಂದಾಜಿನಲ್ಲಿ 'ಪ್ರವಾಹ' ಎಂದು ಬರೆದರೆ, ಸಾಧಾರಣ ಮಳೆಯಲ್ಲಿ ನೆನೆಯುತ್ತ ಹೋದ ಜನರೆಲ್ಲ ನಲವತ್ತು ವರ್ಷ ಟಿವಿಯಲ್ಲಿ ಸಂತ್ರಸ್ತರಾಗಿ ಓಡಾಡುತ್ತಾರೆ. ಇನ್ನೊಂದು, ಹಕ್ಕುದಾರರು ಒಬ್ಬರಿಗಿಂತ ಹೆಚ್ಚಿದ್ದರೆ ಒಬ್ಬರ ವಸ್ತುವನ್ನು ಇವರು ಇನ್ನೊಬ್ಬರ ಮನೆಗೆ ಒಯ್ಯುವುದಿಲ್ಲ. ಹಾಗೆ ಒಯ್ದು, ನಡುವೆ ಸಿಕ್ಕಿ, ಕಳ್ಳಿ ಅನ್ನಿಸಿಕೊಂಡವರನ್ನು ಅವರು ಕಂಡಿದ್ದಾರೆ.

"ಡಬ್ಬಿ ಇಟ್ಕೊಂಡಿರೋರು ಒಬ್ರು, ಹಕ್ಕು ಇರೋರು ಒಬ್ರು, ಚಿತ್ರದ ಒಳಗಿರೋರು ಇನ್ನೊಬ್ರು. ಕಾನೂನಿಗೆ ಮಧ್ಯದೋರು ಒಪ್ಪಿದ್ರೆ ಸಾಕು. ನಾನು ಮೂರೂ ಜನಾನ ಕೇಳ್ತೀನಿ. ಸಿಕ್ಕಿದ್ರೆ," ಎನ್ನುತ್ತಾರೆ.

ಈಗ ಎರಡು ವರ್ಷದ ಕೆಳಗಿನ ಮಾತು. ಯುವ ನಿರ್ದೇಶಕಿಯೊಬ್ಬರು ಊರಿನ ಟ್ರಾಮುಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟರು. ಟ್ರಾಮು ನಿಂತು ನಲವತ್ತೈದು ವರ್ಷವಾಯಿತು; ಅದು ಕೊನೆಯ ಸಲ ಓಡಿದ ದಿನದ ಚಿತ್ರ ಬೇಕಿತ್ತು. ಹುಡುಕುತ್ತ ಹೋದ ಡಬ್ಬಿಯಕ್ಕನಿಗೆ, ಸ್ಟುಡಿಯೋ ಇಟ್ಟಿದ್ದ ಫೋಟೋಗ್ರಾಫರ್ ಒಬ್ಬರು ಆ ದಿನ ಸಿನಿಮಾ ಕ್ಯಾಮೆರಾ ಹೊತ್ತು ಹಳಿಯ ಪಕ್ಕ ನಿಂತಿದ್ದರೆಂದು ಹಳೆಯ ಕಂಡಕ್ಟರ್ ಒಬ್ಬರು ಹೇಳಿದರು. ಫೋಟೋಗ್ರಾಫರ್ ತೀರಿಕೊಂಡಿದ್ದರು. ಅವರಿಗೆ ಇಬ್ಬರು ಗಂಡುಮಕ್ಕಳು, ಒಂದೇ ಬೀದಿಯಲ್ಲಿ ಎದುರುಬದುರು ಮನೆ.

ಎದುರುಬದುರು ಎಂದಾಗ ಡಬ್ಬಿಯಕ್ಕ ಖುಷಿಪಟ್ಟರಂತೆ, ಒಂದೇ ಓಡಾಟದಲ್ಲಿ ಎರಡು ಸಹಿ ಎಂದು. ಆದರೆ ಅಣ್ಣ ತಮ್ಮ ಮಾತು ಬಿಟ್ಟು ಹದಿನೈದು ವರ್ಷವಾಗಿತ್ತು. ಅಣ್ಣ ಹಾಲು ತರಲು ಹೊರಟದ್ದು ಕಂಡರೆ ತಮ್ಮ ಬಾಗಿಲು ಹಾಕಿಕೊಳ್ಳುವಷ್ಟು. ಅಪ್ಪ ಹೋದ ಮೇಲೆ ಮನೆ ಪಾಲಾಗುವಾಗ ಹತ್ತಿದ ಬೆಂಕಿ. ಚಮಚ, ಬಟ್ಟಲು ಎಲ್ಲ ಎಣಿಸಿ ಹಂಚಿದ್ದರು. ಅಪ್ಪನ ಕೋಣೆಯ ಬೀರು ತೆರೆದಾಗ ಒಂದು ಸಾಲು ತಗಡಿನ ಡಬ್ಬಿ, ಇನ್ನೊಂದು ಸಾಲು ರಟ್ಟಿನ ಪೆಟ್ಟಿಗೆ ಸಿಕ್ಕವು. ಎಣಿಸಿದರೆ ಎರಡೂ ಸರಿಸಮ. ಪಂಚಾಯ್ತಿಗೆ ಕೂತಿದ್ದ ಸೋದರಮಾವ ಬಲು ಸುಲಭವಾಯಿತೆಂದು ಡಬ್ಬಿಗಳನ್ನು ಅಣ್ಣನಿಗೆ, ಪೆಟ್ಟಿಗೆಗಳನ್ನು ತಮ್ಮನಿಗೆ ಕೊಟ್ಟು ಕೈತೊಳೆದುಕೊಂಡರು.

ಡಬ್ಬಿಯಲ್ಲಿದ್ದದ್ದು ಚಿತ್ರ. ಪೆಟ್ಟಿಗೆಯಲ್ಲಿದ್ದದ್ದು ಅದರ ಸದ್ದು. ಆ ಕಾಲದಲ್ಲಿ ಫಿಲಮ್ಮಿನ ಮೇಲೆ ಚಿತ್ರ ತೆಗೆದು, ಬೇರೆ ಯಂತ್ರದಲ್ಲಿ ಟೇಪಿನ ಮೇಲೆ ಸದ್ದು ಹಿಡಿದು, ಆಮೇಲೆ ಎರಡನ್ನೂ ಹೊಂದಿಸುತ್ತಿದ್ದರು. ಮೂರನೇ ಡಬ್ಬಿಗೆ ಮೂರನೇ ಟೇಪು, ಏಳನೆಯದಕ್ಕೆ ಏಳನೆಯದು. ಎಲ್ಲರೂ ನ್ಯಾಯವಾಗಿ ನಡೆದುಕೊಂಡು, ಗಂಡ ಹೆಂಡಿರನ್ನು ಬೇರೆ ಮಾಡಿದ ಹಾಗೆ ಮಾಡಿಬಿಟ್ಟಿದ್ದರು. ಡಬ್ಬಿ, ಪೆಟ್ಟಿಗೆ ಹಂಚಿಹೋಗಿದ್ದವೇ ಹೊರತು ಅವುಗಳ ಮೇಲಿನ ಹಕ್ಕನ್ನು ಯಾರೂ ಹಂಚಿರಲಿಲ್ಲ. ಅದು ಇಬ್ಬರಿಗೂ ಸೇರಿದ್ದು. ಇಬ್ಬರೂ ಸಹಿ ಹಾಕದೆ ಟಿವಿಯವರು ಫಿಲಮ್ಮಿನ ಒಂದು ಚೌಕವನ್ನೂ ತೋರಿಸುವ ಹಾಗಿರಲಿಲ್ಲ.

ಅಣ್ಣ ಡ್ರಾಯಿಂಗ್ ಮೇಷ್ಟ್ರು, ನಿವೃತ್ತಿಗೆ ಇನ್ನು ಕೆಲವು ವರ್ಷ ಇದೆ. ಗೆರೆ ಎಳೆದ ಹಾಗೆ ಮಾತು. ತಮ್ಮ ಮೊದಲು ಸಹಿ ಹಾಕಲಿ, ಅಲ್ಲಿಯವರೆಗೆ ಡಬ್ಬಿ ಈ ಮನೆಯ ಹೊಸ್ತಿಲು ದಾಟುವುದಿಲ್ಲ ಎಂದರು. ತಮ್ಮನದು ಮನೆಯ ಮುಂಭಾಗದಲ್ಲೇ ಹೊಲಿಗೆ ಯಂತ್ರ ರಿಪೇರಿ ಅಂಗಡಿ. ಅಣ್ಣ ತಾನೇ ಬಂದು ಕೇಳಲಿ, ಅಲ್ಲಿಯವರೆಗೆ ಪೆಟ್ಟಿಗೆ ಮುಟ್ಟಕೂಡದು ಎಂದರು. ಡಬ್ಬಿಯಕ್ಕ ಬೀದಿಯ ಆ ಕಡೆಯಿಂದ ಈ ಕಡೆಗೆ, ಈ ಕಡೆಯಿಂದ ಆ ಕಡೆಗೆ ತಿಂಗಳುಗಟ್ಟಲೆ ದಾಟಿದರು. ಎರಡೂ ಮನೆಯಲ್ಲಿ ಟೀ ಕೊಟ್ಟರು. ಎರಡೂ ಮನೆಯ ಗೋಡೆಯ ಮೇಲೆ ಒಬ್ಬಳೇ ತಾಯಿಯ ಒಂದೇ ಫೋಟೋ ಇತ್ತು. ಕೊನೆಯ ಟ್ರಾಮು ಓಡಿದ ಮರುವರ್ಷ ಆಕೆ ಕಾಯಿಲೆಯಿಂದ ಹೋಗಿದ್ದರು. ದೊಡ್ಡವನಿಗೆ ಆಗ ಹತ್ತು ವರ್ಷ, ಚಿಕ್ಕವನಿಗೆ ಮೂರು ತುಂಬಿರಲಿಲ್ಲ.

ಮೇಷ್ಟ್ರು ಟ್ರಾಮಿನ ಡಬ್ಬಿ ಕೊಡದಿದ್ದರೂ ಮೂಸಿ ನೋಡಲು ಬಿಟ್ಟರು. ಮುಚ್ಚಳ ತೆಗೆಯುತ್ತಿದ್ದಂತೆ ಹುಳಿ ವಾಸನೆ ಮುಖಕ್ಕೆ ರಾಚಿತು. ಸುರುಳಿಯ ಅಂಚು ಆಗಲೇ ಮುದುರಲು ಶುರುವಾಗಿತ್ತು. ಬಟ್ಟೆಯ ಬೀರುವಿನಲ್ಲಿ ಈ ನಾತ ಏನೆಂದು ಮೇಷ್ಟ್ರ ಹೆಂಡತಿ ಎರಡು ವರ್ಷದಿಂದ ತಲೆ ಚಚ್ಚಿಕೊಳ್ಳುತ್ತಿದ್ದರಂತೆ. ಇಲಿ ಸತ್ತಿರಬೇಕೆಂದು ಗಂಡ ಸಮಾಧಾನ ಹೇಳಿದ್ದರು. ಇನ್ನೊಂದು ಬೇಸಿಗೆ ಕಳೆದರೆ ಇದು ಯಾವ ಯಂತ್ರಕ್ಕೂ ಕೂರುವುದಿಲ್ಲ ಎಂದು ಡಬ್ಬಿಯಕ್ಕ ನೇರವಾಗಿ ಹೇಳಿದರು. ಮೇಷ್ಟ್ರ ಮುಖ ಬಾಡಿತು. ಆದರೂ ಪಟ್ಟು ಸಡಿಲಲಿಲ್ಲ. ಅದು ಹಾಳಾದರೆ ಅವನಿಂದ ಹಾಳಾಯಿತು ಅಂತಾಗಲಿ ಎಂದು ಕಿಟಕಿಯ ಕಡೆ ತಿರುಗಿ ನಿಂತರು.

ಅತ್ತ ನಿರ್ದೇಶಕಿಯ ತಾಳ್ಮೆ ಮುಗಿದಿತ್ತು. ಚಿತ್ರ ಮುಗಿಸಿ ಒಪ್ಪಿಸುವ ಗಡುವು ಹತ್ತಿರ ಬಂದಿತ್ತು. ಬೇರೆ ದೇಶದ ಟ್ರಾಮಿನ ಚಿತ್ರ ರೆಡಿಯಾಗಿ ಸಿಗುತ್ತದೆ, ಟ್ರಾಮ್ ಅಂದರೆ ಟ್ರಾಮ್, ಯಾರಿಗೆ ಗೊತ್ತಾಗುತ್ತದೆ ಎಂದು ಆಕೆ ಕೈಚೆಲ್ಲಿದರು. ಆಕೆಯದೂ ತಪ್ಪೆನ್ನಲಾಗದು. ಆದರೆ ಆಕೆ ಬಿಟ್ಟರೆ ನಕಲಿನ ಖರ್ಚು ಹೊರುವವರು ಯಾರೂ ಇರಲಿಲ್ಲ. ಡಬ್ಬಿ ಆ ಬೀರುವಿನಲ್ಲೇ ಸಾಯುವುದಿತ್ತು. ಇನ್ನೊಂದು ತಿಂಗಳು ಕೊಡಿ ಎಂದು ಕೇಳಿ ಡಬ್ಬಿಯಕ್ಕ ಮತ್ತೆ ಆ ಬೀದಿಗೆ ಹೋದರು.

ಈ ಸಲ ಸಹಿಯ ಮಾತೆತ್ತಲಿಲ್ಲ. ಹಳೆಯ ಟೇಪು ಓಡಿಸುವ ತಮ್ಮದೇ ಯಂತ್ರವನ್ನು ಹೆಗಲಿಗೆ ಹಾಕಿಕೊಂಡು ತಮ್ಮನ ಅಂಗಡಿಗೆ ಹೋಗಿ, ಟೇಪು ಬದುಕಿದೆಯೋ ಸತ್ತಿದೆಯೋ ಅಷ್ಟು ನೋಡಿಬಿಡೋಣ, ನಿಮ್ಮ ಕೈಯಿಂದಲೇ ಹಾಕಿ, ನಾನು ಮುಟ್ಟುವುದಿಲ್ಲ ಎಂದರು. ತಮ್ಮನ ಮನೆಯಲ್ಲಿ ಟೇಪು ಓಡಿಸುವ ಯಂತ್ರ ಯಾವತ್ತೂ ಇರಲಿಲ್ಲ. ಅಪ್ಪನ ಯಂತ್ರ ಅವರು ಶಾಲೆಗೆ ಹೋಗುವ ಮೊದಲೇ ಕೆಟ್ಟಿತ್ತು. ಪೆಟ್ಟಿಗೆಯಲ್ಲಿ ಏನಿದೆ ಎಂದು ಅವರಿಗೇ ಗೊತ್ತಿರಲಿಲ್ಲ. ಟ್ರಾಮಿನ ಡಬ್ಬಿಯ ನಂಬರೇ ಇದ್ದ ಪೆಟ್ಟಿಗೆಯನ್ನು ಡಬ್ಬಿಯಕ್ಕ ತೋರಿಸಿದರು. ತಮ್ಮ ಸೂಜಿ, ದಾರ ತೆಗೆಯುವ ಹಗುರ ಕೈಯಿಂದ ಟೇಪನ್ನು ಚಕ್ರಕ್ಕೆ ಸುತ್ತಿ ಗುಂಡಿ ಒತ್ತಿದರು.

ಒಂದಷ್ಟು ಹೊತ್ತು ಗರಗರ ಸದ್ದು. ಜನರ ಗಲಾಟೆ. ಆಮೇಲೆ, ತೀರ ಹತ್ತಿರದಿಂದ, ಒಂದು ಚಪ್ಪಾಳೆ. ಅದರ ಹಿಂದೆಯೇ ಹೆಂಗಸಿನ ದನಿ, ನಗು ತಡೆದುಕೊಂಡ ದನಿ: "ಕೇಳಿಸ್ತಾ? ಇನ್ನೊಂದ್ಸಲ ತಟ್ಲಾ?" ಮತ್ತೆ ಗಲಾಟೆ, ದೂರದಿಂದ ಟ್ರಾಮಿನ ಗಂಟೆ.

ತಮ್ಮನೇ ಟೇಪು ಹಿಂದೆ ಸುತ್ತಿ ಮತ್ತೆ ಕೇಳಿದರು. ಮತ್ತೆ ಸುತ್ತಿದರು. ಯಾರಿದು ಎಂದು ಡಬ್ಬಿಯಕ್ಕನನ್ನು ಕೇಳಿದರು. ಗೊತ್ತಿಲ್ಲ ಎಂದರು ಡಬ್ಬಿಯಕ್ಕ. ಗೊತ್ತಿಲ್ಲದಿದ್ದರೂ ಊಹೆ ಬಂದಿರಲಿಲ್ಲವೇ ಎಂದು ನಾನು ಕೆದಕಿದೆ.

"ಬಂದಿತ್ತು. ಬಂದಿದ್ದಕ್ಕೇ ಬಾಯಿ ಮುಚ್ಕೊಂಡೆ. ನಾನು ಅಂದಾಜಲ್ಲಿ ನಿಮ್ಮಮ್ಮ ಅಂದ್ಬಿಟ್ಟು, ಅದು ಯಾರೋ ದಾರಿಹೋಕಳಾಗಿದ್ರೆ? ಆ ಮನುಷ್ಯ ಆಯುಷ್ಯ ಪೂರ್ತಿ ಯಾರದೋ ದನೀನ ಅಮ್ಮ ಅಂತ ಇಟ್ಕೊಂಡಿರ್ತಿದ್ರು."

ಸೋದರಮಾವನೂ ಹೋದ ಮೇಲೆ, ಗುರುತು ಹೇಳಬಲ್ಲವರು ಲೋಕದಲ್ಲಿ ಒಬ್ಬರೇ ಉಳಿದಿದ್ದರು. ಅವರು ಎದುರು ಮನೆಯಲ್ಲಿ ಮಕ್ಕಳ ಡ್ರಾಯಿಂಗ್ ಪುಸ್ತಕ ತಿದ್ದುತ್ತ ಕೂತಿದ್ದರು. ತಮ್ಮನಿಗೆ ಅದು ಹೊಳೆಯಲು ಬಹಳ ಹೊತ್ತು ಬೇಕಾಗಲಿಲ್ಲ. ಟೇಪನ್ನು ಡಬ್ಬಿಯಕ್ಕನ ಕೈಗೆ ಕೊಟ್ಟು, ಅಣ್ಣನಿಗೆ ಕೇಳಿಸಿ ಬನ್ನಿ, ಯಾರೆಂದು ಬಂದು ಹೇಳಿ ಎಂದರು. ಡಬ್ಬಿಯಕ್ಕ ಟೇಪನ್ನು ಮೇಜಿನ ಮೇಲಿಟ್ಟು ತಮ್ಮದೊಂದು ಕಟ್ಟುಪಾಡು ಹೇಳಿದರು. ಒಬ್ಬರ ವಸ್ತು ಇನ್ನೊಬ್ಬರ ಮನೆಗೆ ನಾನು ಒಯ್ಯುವುದಿಲ್ಲ. ಯಂತ್ರ ನನ್ನದು, ಅದನ್ನು ಎಲ್ಲಿಗೆ ಬೇಕಾದರೂ ಹೊರುತ್ತೇನೆ.

ಅಂಗಡಿಯಲ್ಲೇ ತಮ್ಮ ಎರಡು ಸಲ ಅತ್ತಿತ್ತ ನಡೆದರು. ಕೈಯೊರೆಸಿಕೊಂಡರು. ಬಿಚ್ಚಿಟ್ಟಿದ್ದ ಹೊಲಿಗೆ ಯಂತ್ರವೊಂದರ ತಿರುಪು ಬಿಗಿದು, ಮತ್ತೆ ಸಡಿಲಿಸಿದರು. ಆಮೇಲೆ ಪೆಟ್ಟಿಗೆಯನ್ನು ಕಂಕುಳಲ್ಲಿ ಇಟ್ಟುಕೊಂಡು ಬೀದಿ ದಾಟಿದರು.

ಬಾಗಿಲು ತೆಗೆದದ್ದು ಅತ್ತಿಗೆ. ಮೈದುನನನ್ನೂ ಅವನ ಹಿಂದೆ ಯಂತ್ರ ಹೊತ್ತವರನ್ನೂ ನೋಡಿ ಪಕ್ಕಕ್ಕೆ ಸರಿದರು. ಮೇಷ್ಟ್ರು ಪುಸ್ತಕದಿಂದ ತಲೆ ಎತ್ತಿದರು, ಏಳಲಿಲ್ಲ. ತಮ್ಮನೂ ಕೂರಲಿಲ್ಲ. ಡಬ್ಬಿಯಕ್ಕ ಪ್ಲಗ್ ಎಲ್ಲಿದೆ ಎಂದು ಕೇಳಿದರು. ಟೇಪು ಓಡಿತು. ಗರಗರ, ಗಲಾಟೆ, ಚಪ್ಪಾಳೆ, ಆ ದನಿ.

ಮೇಷ್ಟ್ರ ಕೈಯಲ್ಲಿದ್ದ ಕೆಂಪು ಪೆನ್ನು ಮಗುವೊಂದರ ಚಿತ್ರದ ಮೇಲೆ ಉದ್ದಕ್ಕೆ ಗೀಚಿಕೊಂಡು ಹೋಯಿತು.

"ಅಮ್ಮ ಕಣೋ," ಎಂದರು.

ಇಷ್ಟು ಹೇಳಿ ಡಬ್ಬಿಯಕ್ಕ ನನ್ನೆದುರು ಕನ್ನಡಕ ತೆಗೆದು ಒರೆಸಿಕೊಳ್ಳುತ್ತಾರೆ. ಹದಿನೈದು ವರ್ಷದ ಮೇಲೆ ಅಣ್ಣ ತಮ್ಮನಿಗೆ ಆಡಿದ ಮೊದಲ ಮಾತು ಅದು. ಎರಡನೆಯ ಮಾತು, ಪೆಟ್ಟಿಗೆಯ ಮೇಲಿನ ಕಲೆ ನೋಡಿ, ಟೇಪನ್ನು ಯಂತ್ರದ ಎಣ್ಣೆ ಡಬ್ಬದ ಪಕ್ಕ ಇಟ್ಟಿದ್ದೀಯಲ್ಲ, ಬುದ್ಧಿ ಬೇಡವಾ ಎಂದು. ನೀನು ಬಟ್ಟೆ ಬೀರುವಿನಲ್ಲಿ ಇಟ್ಟು ಕೊಳೆಸಿದ್ದೀಯಲ್ಲ, ನಾತ ಇಲ್ಲಿವರೆಗೆ ಬರುತ್ತಿದೆ ಎಂದು ತಮ್ಮ ತಿರುಗಿ ಹೇಳಿದರು. ಅಲ್ಲಿಂದ ಅರ್ಧ ಗಂಟೆ ಜಗಳ. ಅತ್ತಿಗೆ ಟೀ ಇಟ್ಟರು.

ಜಗಳದ ನಡುವೆ ಮೇಷ್ಟ್ರು ಇನ್ನೊಂದು ಸಂಗತಿ ಹೇಳಿದರು. ಅಮ್ಮ ಹೋದ ಮೇಲೆ ಅಪ್ಪ ಒಮ್ಮೆ, ಒಂದೇ ಒಂದು ಸಲ, ಆ ಫಿಲಮ್ಮನ್ನು ಗೋಡೆಯ ಮೇಲೆ ಬಿಟ್ಟು ನೋಡಿದ್ದರಂತೆ. ಸದ್ದಿರಲಿಲ್ಲ. ಟ್ರಾಮು ಬರುವ ಮುಂಚೆ ಅಮ್ಮ ಕ್ಯಾಮೆರಾದ ಎದುರು ಬಂದು, ಕೈ ತಟ್ಟಿ, ಏನೋ ಹೇಳಿ ನಕ್ಕಳು. ಅವಳು ಏನಂದಳು ಎಂದು ಮೇಷ್ಟ್ರಿಗೆ ಇಷ್ಟು ವರ್ಷ ಗೊತ್ತಿರಲಿಲ್ಲ. ಆ ರಾತ್ರಿ ಚಿಕ್ಕವನು ನಿದ್ದೆ ಮಾಡಿದ್ದ. ಆಮೇಲೆ ಮನೆಯಲ್ಲಿ ಅಮ್ಮನ ಮಾತೇ ಬರುತ್ತಿರಲಿಲ್ಲ, ಹಾಗಾಗಿ ಅವನಿಗೆ ಹೇಳಲೂ ಇಲ್ಲ.

ಅಷ್ಟು ವರ್ಷ ಅಣ್ಣನ ಬೀರುವಿನಲ್ಲಿ ತಾಯಿಯ ಮುಖ ಮಾತಿಲ್ಲದೆ, ತಮ್ಮನ ಅಂಗಡಿಯಲ್ಲಿ ತಾಯಿಯ ಮಾತು ಮುಖವಿಲ್ಲದೆ ಬಿದ್ದಿದ್ದವು. ನಡುವೆ ಇದ್ದದ್ದು ಒಂದು ಬೀದಿ.

ಮರುದಿನವೇ ಡಬ್ಬಿ ಲ್ಯಾಬಿಗೆ ಬಂತು. ಒಣಗಿದ ಸುರುಳಿಯನ್ನು ಮೆತ್ತಗೆ ಮಾಡಿ, ನಿಧಾನವಾಗಿ ಓಡಿಸಿ ನಕಲು ತೆಗೆಯುವಾಗ ಎರಡು ಕಡೆ ಹರಿಯಿತು. ಹರಿದದ್ದು ಜನರ ಗುಂಪಿನ ಭಾಗ, ಟ್ರಾಮಿಗೂ ತಾಯಿಗೂ ಏನೂ ಆಗಲಿಲ್ಲ. ಚಿತ್ರಕ್ಕೂ ಸದ್ದಿಗೂ ತಾಳೆ ಹಾಕಲು ಒಂದು ಗುರುತು ಬೇಕು. ದೊಡ್ಡ ಸಿನಿಮಾದವರು ಅದಕ್ಕೆ ಕ್ಲ್ಯಾಪ್ ಹಲಗೆ ಬಡಿಯುತ್ತಾರೆ. ಫೋಟೋಗ್ರಾಫರ್ ಹತ್ತಿರ ಹಲಗೆ ಇರಲಿಲ್ಲ, ಹೆಂಡತಿ ಇದ್ದಳು. ಎರಡು ಅಂಗೈ ಕೂಡುವ ಫಿಲಮ್ಮಿನ ಚೌಕವನ್ನೂ ಚಪ್ಪಾಳೆಯ ಸದ್ದನ್ನೂ ಒಂದಕ್ಕೊಂದು ಸೇರಿಸಿದರೆ ಉಳಿದದ್ದೆಲ್ಲ ತಾನೇ ಹೊಂದಿಕೊಳ್ಳುತ್ತದೆ. ಹೊಂದಿಕೊಂಡಿತು. ಅಣ್ಣ ತಮ್ಮ ಇಬ್ಬರನ್ನೂ ಕರೆಸಿ ಲ್ಯಾಬಿನಲ್ಲಿ ತೋರಿಸಿದರು. ಕುರ್ಚಿ ಹಾಕಿಕೊಟ್ಟು, ಬಾಗಿಲು ಎಳೆದುಕೊಂಡು ಡಬ್ಬಿಯಕ್ಕ ಹೊರಗೆ ಬಂದು ನಿಂತರು. ಒಳಗೆ ಅವರು ಎಷ್ಟು ಸಲ ನೋಡಿದರೆಂದು ಇವರು ಕೇಳಿಲ್ಲ.

ಸಹಿಯ ದಿನ ಮತ್ತೊಂದು ತಕರಾರು: ಯಾರು ಮೊದಲು? ರಾಜಿಯಾದ ಮಾತ್ರಕ್ಕೆ ಹಟ ಬಿಡಬೇಕೆಂದೇನಿಲ್ಲವಲ್ಲ. ಡಬ್ಬಿಯಕ್ಕ ಒಪ್ಪಂದದ ಎರಡು ಪ್ರತಿ ತಂದಿದ್ದರು. ಒಂದರಲ್ಲಿ ಅಣ್ಣ ಮೊದಲು, ಇನ್ನೊಂದರಲ್ಲಿ ತಮ್ಮ ಮೊದಲು. ಪೆನ್ನು ಕಾಗದಕ್ಕೆ ಊರುವ ಮುಂಚೆ ಇಬ್ಬರೂ ಒಂದು ಷರತ್ತು ಹಾಕಿದರು. ಷರತ್ತಿನಲ್ಲಿ ಮಾತ್ರ ಇಬ್ಬರದೂ ಒಂದೇ ದನಿ. ಟ್ರಾಮು ಯಾರಿಗೆ ಬೇಕಾದರೂ ತೋರಿಸಿ, ಅಮ್ಮನನ್ನು ತೋರಿಸಬೇಡಿ. ಡಬ್ಬಿಯಕ್ಕ ಅಲ್ಲೇ ಕೂತು ಅದನ್ನು ಬರೆದು ಸೇರಿಸಿದರು: ಚಪ್ಪಾಳೆ, ಅದರ ಬೆನ್ನಿಗೆ ಬರುವ ಮಾತು, ನಗು, ಇವು ಯಾವ ಚಿತ್ರಕ್ಕೂ, ಯಾವ ವಾಹಿನಿಗೂ, ಯಾವ ಕಾಲಕ್ಕೂ ಇಲ್ಲ.

ಕಥೆ ಇಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ಆದರೆ ಲ್ಯಾಬಿನವರೊಬ್ಬರು ಬಾಯಿ ಬಿಟ್ಟರು. ಹೀಗೊಂದು ಚೂರಿದೆ ಎಂದು ಕೇಳಿದ ನಿರ್ದೇಶಕಿ ಓಡೋಡಿ ಬಂದರು. ತಾಯಿ ಕೈ ತಟ್ಟುತ್ತಾಳೆ, ನಗುತ್ತಾಳೆ, ಹಿಂದಿನಿಂದ ಊರಿನ ಕೊನೆಯ ಟ್ರಾಮು ಬರುತ್ತದೆ. ಇದಕ್ಕಿಂತ ಒಳ್ಳೆಯ ಆರಂಭ ಯಾವ ಚಿತ್ರಕ್ಕೆ ಸಿಕ್ಕೀತು? ಆಕೆ ಕೇಳಿದ್ದು ಸಹಜವೇ. ಆಕೆಗಾಗಿ ಡಬ್ಬಿಯಕ್ಕ ಅಣ್ಣ ತಮ್ಮಂದಿರನ್ನು ಇನ್ನೊಮ್ಮೆ ಕೇಳಿದರು. ಬೇಡ ಎಂದರು. ಮತ್ತೆ ಕೇಳಿ ಎಂದರು ನಿರ್ದೇಶಕಿ. ವಾಹಿನಿಯವರೂ ಒತ್ತಾಯ ಮಾಡಿದರು. ಇವರು ಕೇಳಲಿಲ್ಲ.

"ಒಪ್ಪಂದ ಆದ್ಮೇಲೆ ಒಂದ್ಸಲ ಕೇಳೋದು ಕೆಲಸ. ಎರಡನೇ ಸಲ ಕೇಳೋದು ಪೀಡೆ," ಎನ್ನುತ್ತಾರೆ.

ಟ್ರಾಮಿನ ಚಿತ್ರ ಟಿವಿಯಲ್ಲಿ ಬಂತು. ಜನ ಮೆಚ್ಚಿದರು. ಊರಿನ ಕೊನೆಯ ಟ್ರಾಮು ಗಂಟೆ ಬಾರಿಸುತ್ತ, ಎರಡೂ ಕಡೆ ಜನ ತುಂಬಿದ ಬೀದಿಯಲ್ಲಿ ತಿರುವು ತೆಗೆದುಕೊಂಡು ಮರೆಯಾಗುವುದನ್ನು ನೀವೂ ನೋಡಿರಬಹುದು. ಡಬ್ಬಿಯಕ್ಕನ ಅತ್ತೆ ಪಕ್ಕದ ಮನೆಯವರನ್ನು ಕೂರಿಸಿಕೊಂಡು ನೋಡಿದರು. ನಿರ್ದೇಶಕಿ ಮುಂದಿನ ಚಿತ್ರದ ಹುಡುಕಾಟವನ್ನು ಬೇರೆಯವರಿಗೆ ಕೊಟ್ಟರು. ಅದರ ಮುಂದಿನದನ್ನೂ. ದೊಡ್ಡ ಕೆಲಸ ತರುತ್ತಿದ್ದ ಗಿರಾಕಿ ಆಕೆ. ಹೋದದ್ದರಿಂದ ಮನೆಯಲ್ಲಿ ಕೈ ಬಿಗಿಯಾಗಿದೆ. ಇದನ್ನು ಹೇಳಿದ್ದು ಗಂಡ. ಡಬ್ಬಿಯಕ್ಕ ಆ ನಿರ್ದೇಶಕಿಯ ಬಗ್ಗೆ ಒಂದು ಕಹಿ ಮಾತೂ ಆಡಲಿಲ್ಲ. ಒಳ್ಳೆಯ ಕಣ್ಣಿರುವ ಹುಡುಗಿ, ತಾನು ಅವಳ ಜಾಗದಲ್ಲಿದ್ದರೆ ತಾನೂ ಸಿಟ್ಟಾಗುತ್ತಿದ್ದೆ ಎಂದರು.

ಹೊರಗೆ ಬಿಸಿಲು ಏರಿದೆ. ಲ್ಯಾಬಿನವರು ಒಬ್ಬೊಬ್ಬರಾಗಿ ಬರುತ್ತಿದ್ದಾರೆ, ಮೇಜು ಬಿಟ್ಟುಕೊಡುವ ಹೊತ್ತು. ಇಂದಿನ ಡಬ್ಬಿಯಲ್ಲಿ ಸಿಕ್ಕಿದ್ದು ಯಾವುದೋ ಕಾರ್ಖಾನೆಯ ಆಟೋಟ ಸ್ಪರ್ಧೆ. ಗೋಣಿಚೀಲದ ಓಟದಲ್ಲಿ ಬಿದ್ದವರೊಬ್ಬರು ಬದುಕಿದ್ದರೆ ಹುಡುಕಿ ಕೇಳಬೇಕಂತೆ. ಹೊರಡುವ ಮುಂಚೆ ನಾನು ನಾಚಿಕೆ ಬಿಟ್ಟು ಕೇಳಿಯೇಬಿಟ್ಟೆ: ಆ ಚಪ್ಪಾಳೆಯ ಚೂರನ್ನು ನನಗೊಬ್ಬನಿಗೆ ತೋರಿಸಬಹುದೇ? ಬರೆಯುವವನು ಕಣ್ಣಾರೆ ನೋಡಿದ್ದರೆ ಚೆನ್ನ ಎಂದು ನೆಪವನ್ನೂ ಸೇರಿಸಿದೆ.

ಡಬ್ಬಿಯಕ್ಕ ಬಿಳಿ ಕೈಗವಸುಗಳನ್ನು ಕಳಚಿ, ಒಂದರೊಳಗೊಂದು ಮಡಿಸಿಡುತ್ತಾರೆ. ಇದನ್ನು ಬರೆಯಬಹುದೇ ಎಂದು ಅವರು ಮೊದಲೇ ಆ ಅಣ್ಣ ತಮ್ಮಂದಿರನ್ನು ಕೇಳಿ ಬಂದಿದ್ದಾರೆ. ಮಾತಿನಲ್ಲಿ ಹೇಳಬಹುದು, ತೋರಿಸಕೂಡದು ಎಂದು ಅವರು ಹೇಳಿದ್ದಾರೆ.

"ನಿಮಗೂ ಇಲ್ಲ," ಎನ್ನುತ್ತಾರೆ, ಬೇಸರ ಮಾಡಿಕೊಳ್ಳಬೇಡಿ ಎನ್ನುವ ಹಾಗೆ ನನ್ನ ತೋಳು ತಟ್ಟಿ. "ಇಷ್ಟು ವರ್ಷ ತೋರ್ಸೋಕೆ ಅಂತ ಸಹಿ ತಗೊಂಡಿದ್ದೀನಿ, ಲೆಕ್ಕ ಇಟ್ಟಿಲ್ಲ. ತೋರ್ಸಬಾರದು ಅಂತ ಸಹಿ ತಗೊಂಡಿದ್ದು ಇದೊಂದೇ. ನನ್ನ ಕೆಲಸದಲ್ಲಿ ಚೆನ್ನಾಗಿ ಬಂದಿರೋದು ಯಾವುದು ಅಂತ ಯಾರಾದ್ರೂ ಕೇಳಿದ್ರೆ, ಯಾರೂ ನೋಡದೇ ಇರೋ ಅದನ್ನೇ ಹೇಳ್ತೀನಿ."